ಟೀವಿಯಲ್ಲಿ ಬಂದ ವಕೀಲರು

ಭಾನುವಾರ ಸಂಜೆ ಹೀರೇಕಾಯಿ ಗೊಜ್ಜಿನ ವಿಡಿಯೊ ಬೇಕು ಎಂದೆ. ಸೊಸೆ ಸುಪ್ರಜಾ ಟೀವಿ ಹಾಕಿದಳು. ಗೊಜ್ಜು ಕಾಣಲಿಲ್ಲ. ಕಪ್ಪು ಕೋಟಿನ ವಕೀಲರು ಸಾಲಾಗಿ ನಿಂತಿದ್ದರು. ಒಬ್ಬೊಬ್ಬರ ಕೆಳಗೂ ಒಂದೊಂದು ವಿಡಿಯೊದ ಹೆಸರು: 'ಹೆಂಡತಿ ಒಪ್ಪದಿದ್ದರೆ ವಿಚ್ಛೇದನ ಹೇಗೆ?' 'ಜೀವನಾಂಶ ಕಡಿಮೆ ಮಾಡಿಸುವ ದಾರಿ.'

"ಏನತ್ತೆ ಇದು?"

"ನಂಗೇನಮ್ಮ ಗೊತ್ತು?"

"ನಾವು ಏನು ನೋಡ್ತೀವೋ ಅಂಥದ್ದನ್ನೇ ತಂದು ತೋರ್ಸತ್ತೆ ಇದು. ಹಗಲೆಲ್ಲ ಇದರ ಮುಂದೆ ಕೂರೋರು ನೀವೇ. ನನ್ನ ಓಡ್ಸೋಕೆ ಪಾಠ ಹೇಳಿಸ್ಕೊಳ್ತಿದೀರಾ? ಮಗನ ಕಿವೀನೂ ಊದಿ ಆಯ್ತಾ?"

ಮೊದಲೆಲ್ಲ ಎನ್.ಆರ್. ಕಾಲೋನಿಯ ನಮ್ಮ ಬೀದಿಯಲ್ಲಿ ಎಲ್ಲರ ಮನೆಯಲ್ಲೂ ಒಂದೇ ಧಾರಾವಾಹಿ ಓಡುತ್ತಿತ್ತು. ಅದರೊಳಗಿನ ಅತ್ತೆಯನ್ನು ನಾನೂ ನನ್ನ ಅತ್ತೆಯೂ ಜೊತೆಗೆ ಕೂತು ಬಯ್ಯುತ್ತಿದ್ದೆವು. ಈಗಿನ ಈ ಪೆಟ್ಟಿಗೆ ಒಬ್ಬೊಬ್ಬರ ಮನಸ್ಸನ್ನೂ ಮೂಸಿ ನೋಡಿ, ಸಿಕ್ಕಿದ್ದನ್ನು ನಡುಮನೆಯಲ್ಲಿ ಹರಡುತ್ತದೆ. ಇದನ್ನು ಕಂಡರೆ ನನಗಾಗದು.

ಗಲಾಟೆ ಕೇಳಿ ಮಗ ವಸಿಷ್ಠ ಕೋಣೆಯಿಂದ ಬಂದ. ಟೀವಿ ನೋಡಿದ. ಕೈ ತಾನಾಗಿ ಫೋನಿದ್ದ ಜೇಬಿಗೆ ಹೋಯಿತು. ಟೀವಿ ತಂದ ದಿನ ನನ್ನೆದುರೇ ತನ್ನ ಫೋನಿನ ಅಕೌಂಟನ್ನು ಅದಕ್ಕೂ ಹಾಕಿದವನು ಅವನೇ. ಮರೆತಿದ್ದ.

"ಅಮ್ಮ ಏನೋ ಒತ್ತಿರ್ತಾಳೆ ಬಿಡು."

"ಏನೋ ಒತ್ತಿದ್ರೆ ಒಬ್ಬ ವಕೀಲ ಬರ್ತಾನೆ. ಇಲ್ಲಿ ಇಡೀ ಕೋರ್ಟೇ ಬಂದಿದೆ!"

"ಅಮ್ಮ, ನಾನೇ ನೋಡ್ದೆ ಅಂತ ಒಪ್ಕೊಂಡ್ಬಿಡು. ಸುಮ್ನೆ ರಂಪ ಯಾಕೆ?"

ನಾನು ಗೋಡೆ ಹಿಡಿದುಕೊಂಡೆ. ಸುಪ್ರಜಾ ಅದನ್ನು ಕಂಡು, ಬಯ್ಯುತ್ತಲೇ ಕುರ್ಚಿಯನ್ನು ನನ್ನ ಹಿಂದಕ್ಕೆ ಎಳೆದಿಟ್ಟಳು. "ಸುಳ್ಳು ಹೇಳೋದಾದ್ರೆ ಕೂತ್ಕೊಂಡು ಹೇಳಿ."

ಒಪ್ಪಿಕೊಂಡರೆ ಇವರ ಸಂಸಾರ ಇನ್ನಷ್ಟು ದಿನ ನಡೆಯುತ್ತಿತ್ತು. ಇವನು ಒಳಗೊಳಗೇ ಎಲ್ಲ ಏರ್ಪಾಡು ಮಾಡಿಕೊಳ್ಳುತ್ತಿದ್ದ. ಇವಳು ನನ್ನನ್ನು ದ್ವೇಷಿಸುತ್ತ, ಏನೂ ತಿಳಿಯದೆ ಅವನಿಗೆ ಡಬ್ಬಿ ಕಟ್ಟಿ ಕಳಿಸುತ್ತಿದ್ದಳು.

"ನಾನಲ್ಲ ಸುಪ್ರಜಾ. ಅವನು ಫೋನಲ್ಲಿ ನೋಡೋದೂ ಇಲ್ಲಿಗೆ ಸೇರತ್ತೆ. ಅವನನ್ನ ಕೇಳು."

"ಅಮ್ಮಾ! ನಿಂಗೇನು ತಲೆ ಕೆಟ್ಟಿದ್ಯಾ?"

"ಫೋನ್ ಕೊಡಿ," ಎಂದು ಸುಪ್ರಜಾ ಕೈ ಚಾಚಿದಳು.

"ಅದು ನನ್ನ ಪರ್ಸನಲ್ಲು."

ಚಾಚಿದ ಕೈಯನ್ನು ಅವಳು ಸ್ವಲ್ಪ ಹೊತ್ತು ಹಾಗೇ ಇಟ್ಟುಕೊಂಡಿದ್ದಳು. ಆಮೇಲೆ ನನ್ನ ಕುರ್ಚಿಗೆ ಒರಗಿ ನೆಲದ ಮೇಲೆ ಕೂತು, ರಿಮೋಟಿನಲ್ಲಿ ಮೊದಲನೇ ವಕೀಲನನ್ನು ಒತ್ತಿ, ಸದ್ದು ಜೋರು ಮಾಡಿದಳು.

"ಕೂತ್ಕೊಳ್ಳಿ," ಎಂದಳು ಗಂಡನಿಗೆ. "ಇಬ್ರೂ ಕಲಿಯೋಣ."