ಭುಜದಿಂದ ಕೆಳಗೆ ಮೂರು

ಗಂಡನ ತಾಯಿಯೇ ಗಣಿತದ ಟೀಚರಾಗಿ ಸಿಕ್ಕರೆ ಹೆಣ್ಣು ಏನಾಗುತ್ತಾಳೆ? ಒಂದೋ ಪಾಸಾಗುತ್ತಾಳೆ, ಇಲ್ಲವೇ ಹುಚ್ಚಿಯಾಗುತ್ತಾಳೆ. ಕತ್ತರಿಗೆ ಎರಡೂ ಒಟ್ಟಿಗೇ ಆಗುವ ಲಕ್ಷಣ ಕಾಣುತ್ತಿತ್ತು. ಬಟ್ಟೆ ಕಾರ್ಖಾನೆಯಲ್ಲಿ ಹನ್ನೆರಡು ವರ್ಷದಿಂದ ಅಂಗಿಯ ನಕ್ಷೆ ಬರೆದು ಕತ್ತರಿಸುವವಳು ಅವಳು. ಕತ್ತರಿ ಅನ್ನುವುದು ಅವಳ ಕೈಗೂ ನಾಲಿಗೆಗೂ ಸೇರಿಸಿ ಇಟ್ಟ ಅಡ್ಡಹೆಸರು. ಈಗ ಅಲ್ಲಿಗೊಂದು ಕತ್ತರಿಸುವ ಯಂತ್ರ ಬಂದಿತ್ತು. ಮಹಾರಾಯನಿಗೆ ಸೀಮೆಸುಣ್ಣದ ಗೆರೆ ತಿಳಿಯದಂತೆ, ಸಮೀಕರಣವೇ ಬೇಕಂತೆ! ಅದಕ್ಕೇ ಎಲ್ಲರಿಗೂ ಒಂದು ಪರೀಕ್ಷೆ: ಏಳಕ್ಕೆ ಏಳೂ ಸರಿ ಮಾಡಿದವರು ಯಂತ್ರದ ಮುಂದೆ, ಮಿಕ್ಕವರು ಗುಂಡಿ ಹೊಲಿಯುವ ಕೋಣೆಗೆ. ನಕ್ಷೆ ಬಿಟ್ಟು ದಿನವಿಡೀ ಗುಂಡಿ ಹೊಲಿಯುವುದನ್ನು ನೆನೆಸಿಕೊಂಡರೇ ಅವಳಿಗೆ ಅಳು ಬರುತ್ತಿತ್ತು.

ಅತ್ತೆ ಶಾಲೆಯಿಂದ ನಿವೃತ್ತರಾಗಿದ್ದರು, ಅವರ ಗಂಟಲು ಮಾತ್ರ ನಿವೃತ್ತಿಯಾಗಿರಲಿಲ್ಲ. ತಿಂಗಳಿಡೀ ಅಡುಗೆಮನೆಯ ಗೋಡೆಗೆ ಕರಿಹಲಗೆ ಒರಗಿಸಿ ಪಾಠ ಮಾಡಿದರು.

"ಎಕ್ಸ್ ಪಕ್ಕದ ಸಂಖ್ಯೆ ಪ್ಲಸ್ ಆದ್ರೆ ಗೆರೆ ಏನ್ ಮಾಡತ್ತೆ?"

"ಮೇಲಕ್ಕೆ ಹತ್ತತ್ತೆ."

"ಮೈನಸ್ ಆದ್ರೆ?"

"ನಿಮ್ಮ ಮುಖದ ಥರ ಇಳಿಯತ್ತೆ."

"ಬಾಯಿಗೆ ಸಂಬಳ ಕೊಡಲ್ಲ ಕಣೇ, ಉತ್ತರಕ್ಕೆ ಕೊಡ್ತಾರೆ. ಕೊನೇಲಿ ಸಮೀಕರಣಕ್ಕೆ ಒಂದು ಬಿಂದು ಹಾಕಿ ತಾಳೆ ನೋಡು, ಮರೀಬೇಡ."

ಪರೀಕ್ಷೆಯ ದಿನ ಕತ್ತರಿಸುವ ಮೇಜಿನ ಮೇಲೆಯೇ ಹಾಳೆ ಹಂಚಿದರು. ಮೂರು ಮೂರರಂತೆ ಏಳು ಗುಂಪು ಬಿಂದುಗಳು, ಏಳು ಸಮೀಕರಣಗಳು. ಬಿಂದುಗಳನ್ನು ಚೌಕುಳಿ ಹಾಳೆಯಲ್ಲಿ ಗುರುತಿಸಿ, ಗೆರೆ ಎಳೆದು, ಯಾವ ಗೆರೆಗೆ ಯಾವ ಸಮೀಕರಣವೆಂದು ಬರೆಯಬೇಕು. ಅರ್ಧ ಗಂಟೆ ಸಮಯ. ಯಂತ್ರದ ಕಂಪನಿಯಿಂದ ಬಂದ ಇಂಜಿನಿಯರು ಗಡಿಯಾರ ಹಿಡಿದು ನಿಂತಿದ್ದ.

ಕತ್ತರಿ ಇಪ್ಪತ್ತೇ ನಿಮಿಷಕ್ಕೆ ಮುಗಿಸಿದಳು. ಇಳಿದ ಗೆರೆಗೆ ಮೈನಸ್ಸು, ಹತ್ತಿದ್ದಕ್ಕೆ ಪ್ಲಸ್ಸು, ಏಳೂ ಸಲೀಸಾಗಿ ಜೋಡಿಯಾದವು. ಒಂದೂ ಉಳಿಯಲಿಲ್ಲ. ಇಷ್ಟೇನಾ ಗಣಿತ ಅಂದರೆ? ಅವಳಿಗೆ ಶಿಳ್ಳೆ ಹೊಡೆಯುವಷ್ಟು ಖುಷಿಯಾಯಿತು. ಅತ್ತೆಯ ಬಾಯಿ ಮುಚ್ಚಿಸಲಿಕ್ಕಾದರೂ ಆಗಲಿ ಎಂದು ಮೊದಲನೇ ಬಿಂದು ಹಾಕಿ ತಾಳೆ ನೋಡಿದಳು.

ಬಿಂದು (1, 3). ಅವಳು ಜೋಡಿಸಿದ್ದು y = –2x – 1. ಎಕ್ಸ್ ಒಂದಾದರೆ ವೈ ಬರುವುದು ಮೈನಸ್ ಮೂರು! ಇನ್ನೊಂದನ್ನು ನೋಡಿದಳು, ಅಲ್ಲಿಯೂ ಉಲ್ಟಾ. ಮತ್ತೊಂದು, ಅದೂ ಉಲ್ಟಾ. ನೆಟ್ಟಗೆ ನಿಂತ x = 4 ಒಂದೇ ಸರಿ. ಏಳರಲ್ಲಿ ಆರು ತಪ್ಪು! ಪಟ್ಟಿಯಲ್ಲಿ ಆ ಆರೂ ಅವಳಿ ಜವಳಿ, ಒಂದು ಎಷ್ಟು ಹತ್ತುತ್ತದೋ ಇನ್ನೊಂದು ಅಷ್ಟೇ ಇಳಿಯುವಂಥವು. ಅವಳು ಪ್ರತಿಯೊಂದು ಮಗುವನ್ನೂ ಪಕ್ಕದ ತೊಟ್ಟಿಲಿಗೆ ಹಾಕಿದ್ದಳು. ಯಾಕೆ ಹೀಗಾಯಿತು?

ಹಾಳೆಯನ್ನೇ ದಿಟ್ಟಿಸಿದಳು. ಮೂರನ್ನು ಅವಳ ಕೈ ನಡುವಿನ ಅಡ್ಡಗೆರೆಯ ಕೆಳಗಡೆ ಇಟ್ಟಿತ್ತು. ಅಂಗಿಯ ನಕ್ಷೆ ಶುರುವಾಗುವುದು ಭುಜದಿಂದ. ಹನ್ನೆರಡು ವರ್ಷ ಮೂರು ಅಂದರೆ ಭುಜದಿಂದ ಕೆಳಗೆ ಮೂರಿಂಚು. ಇಲ್ಲಿ ಮೂರು ಅಂದರೆ ಮೇಲೆ! ಮನೆಯಲ್ಲಿ ಚುಕ್ಕಿ ಇಡುವ ಕೆಲಸವನ್ನು ಅತ್ತೆ ಯಾರಿಗೂ ಬಿಟ್ಟವರಲ್ಲ, ಹಾಗಾಗಿ ಅವಳ ಕೈಯ ಚಾಳಿ ಯಾರಿಗೂ ಗೊತ್ತಾಗಿರಲಿಲ್ಲ.

"ಅಯ್ಯೋ ನನ್ನಪ್ಪಾ, ಈ ಗಣಿತ ಕಾಲಿಂದ ಅಳತೆ ತಗೊಳತ್ತೆ!" ಎಂದು ಕತ್ತರಿ ಜೋರಾಗಿ ನಕ್ಕುಬಿಟ್ಟಳು. ಸುತ್ತಲಿನ ತಲೆಗಳೆಲ್ಲ ಎದ್ದವು.

"ಇನ್ನು ಐದೇ ನಿಮಿಷ," ಎಂದ ಇಂಜಿನಿಯರು.

ಇಪ್ಪತ್ತೊಂದು ಚುಕ್ಕಿಗಳನ್ನು ಮತ್ತೆ ಎಣಿಸಿ ಇಡಲು ಐದು ನಿಮಿಷ ಸಾಲದು. ಆದರೆ ಅಂಗಿಯ ಎಡಮಗ್ಗುಲ ಗುರುತನ್ನು ಬಲಮಗ್ಗುಲಿಗೆ ದಾಟಿಸಲು ಯಾವ ದರ್ಜಿ ಎರಡು ಸಲ ಅಳೆಯುತ್ತಾನೆ? ಹಾಳೆಯನ್ನು ಅಡ್ಡಗೆರೆಯ ಮೇಲೆ ಸರಿಯಾಗಿ ಮಡಿಸಿದಳು, ಮಣಿಕಟ್ಟಿಗೆ ಕಟ್ಟಿದ್ದ ಸೂಜಿದಿಂಬಿನಿಂದ ಗುಂಡುಸೂಜಿ ಕಿತ್ತು ಪ್ರತಿ ಚುಕ್ಕಿಗೂ ಚುಚ್ಚಿದಳು. ಟಕ್ ಟಕ್ ಟಕ್!

"ಏನಮ್ಮಾ, ಹಾಳೆ ಹಾಳು ಮಾಡ್ತಿದ್ದೀರಲ್ಲ!"

"ನಿಮ್ಮ ಅಂಗಿ ಎರಡೂ ಕಡೆ ಒಂದೇ ಸಮ ಇರೋದು ಹೀಗೇ ಸಾರ್. ನೀವು ಗಡಿಯಾರ ನೋಡ್ಕೊಳ್ಳಿ."

ಹಾಳೆ ಬಿಡಿಸಿದರೆ, ಆಹಾ! ಕೆಳಗಿದ್ದದ್ದು ಮೇಲೆ, ಮೇಲಿದ್ದದ್ದು ಕೆಳಗೆ, ತೂತುಗಳು ಸಾಲಾಗಿ ನಿಂತಿದ್ದವು. ಹಳೆಯದನ್ನೆಲ್ಲ ಹೊಡೆದುಹಾಕಿ, ಕೆಂಪು ಪೆನ್ಸಿಲಿನಲ್ಲಿ ತೂತಿನಿಂದ ತೂತಿಗೆ ಗೆರೆ ಎಳೆದು, ಅವಳಿ ಮಕ್ಕಳನ್ನು ಅದಲುಬದಲು ಮಾಡಿದಳು. ಈ ಸಲ ಏಳನ್ನೂ ತಾಳೆ ನೋಡಿದಳು. ನಗು ಮಾತ್ರ ನಿಲ್ಲಲೊಲ್ಲದು.

ಇಂಜಿನಿಯರು ಹಾಳೆಯನ್ನು ಬೆಳಕಿಗೆ ಹಿಡಿದು, ಅಳತೆಪಟ್ಟಿ ಇಟ್ಟು, ಒಂದೊಂದೇ ತೂತನ್ನು ಪರೀಕ್ಷಿಸಿದ. ಎಲ್ಲಿಯೂ ಕೂದಲೆಳೆಯಷ್ಟೂ ವ್ಯತ್ಯಾಸವಿರಲಿಲ್ಲ. "ಏಳಕ್ಕೆ ಏಳು," ಎಂದವನು ತಲೆ ಕೆರೆದುಕೊಂಡ. "ನಾಳೆಯಿಂದ ಯಂತ್ರದ ಹತ್ರ ಬನ್ನಿ."

ಕತ್ತರಿ ಮೆಟ್ಟಿಲುಗಳನ್ನು ಎರಡೆರಡಾಗಿ ಹಾರಿ ಇಳಿದಳು. ಗೇಟಿನ ಹತ್ತಿರ ಅತ್ತೆ! ನಾನ್ಯಾಕೆ ಬರಲಿ, ನನಗೇನು ಬೇರೆ ಕೆಲಸವಿಲ್ಲವೇ ಎಂದಿದ್ದವರು ಬಿಸಿಲಲ್ಲಿ ಬೆವರುತ್ತ ನಿಂತಿದ್ದರು.

"ಎಷ್ಟು?"

"ಏಳಕ್ಕೆ ಏಳು! ಮೊದಲು ಆರು ತಪ್ಪಾಗಿತ್ತು, ನಿಮ್ಮಿಂದಾನೇ. ತಿಂಗಳಲ್ಲಿ ಒಂದು ದಿನನಾದ್ರೂ ನನ್ನ ಕೈಗೆ ಸೀಮೆಸುಣ್ಣ ಕೊಟ್ರಾ?"

ಅತ್ತೆ ಬಾಯಿ ತೆರೆದರು. ಕತ್ತರಿ ಬೈಗುಳಕ್ಕೆ ಸಿದ್ಧಳಾದಳು.

"ಹೌದು ಕಣೇ," ಎಂದರು ಅತ್ತೆ. "ತಪ್ಪು ನಂದೇ. ನೀನು ತಪ್ಪು ಮಾಡಿಬಿಡ್ತೀಯ ಅಂತ ಹೆದರಿಕೆ ನನಗೆ."

ಮದುವೆಯಾಗಿ ಹದಿನೈದು ವರ್ಷದಲ್ಲಿ ಆ ಬಾಯಿಂದ ಇಂಥ ಮಾತು ಬಂದದ್ದು ಇದೇ ಮೊದಲು. ಕತ್ತರಿ ಅತ್ತೆಯನ್ನು ಅನಾಮತ್ತಾಗಿ ಎತ್ತಿಕೊಂಡು ಗೇಟಿನೆದುರು ಗಿರ್ರನೆ ತಿರುಗಿಸಿಬಿಟ್ಟಳು.

"ಬಿಡೇ ಹುಚ್ಚಿ, ಬೀಳಿಸ್ತೀಯ!" ಎಂದು ಅತ್ತೆ ಬೀದಿಗೆಲ್ಲ ಕೇಳುವಂತೆ ಕಿರುಚುತ್ತಿದ್ದರು. ಕೈಗಳು ಮಾತ್ರ ಸೊಸೆಯ ಕುತ್ತಿಗೆಯನ್ನು ಬಿಗಿಯಾಗಿ ಹಿಡಿದಿದ್ದವು.