ಹೊಟ್ಟೆಗಿಳಿದ ಇಟ್ಟಿಗೆ

“ಬಾಯಿ ಮುಚ್ಚು ಕಳ್ಳಿ! ಕೊಟ್ಟ ಮಾಲನ್ನೇ ಮತ್ತೆ ಹಂಚ್ತೀಯಾ? ನಾಚಿಕೆ ಆಗುದಿಲ್ವಾ ನಿಂಗೆ?”

ಭುಜಂಗರಾಯ ಕೂಗಿದ ರಭಸಕ್ಕೆ ಮಲ್ಲಮ್ಮನ ಕೈಯಲ್ಲಿದ್ದ ಸೌಟು ಕೆಳಗೆ ಬಿತ್ತು. ಅವಳು ಮಾಡಿದ ಕಳ್ಳತನ ಇಷ್ಟೇ: ಪಕ್ಕದಲ್ಲಿ ಪಾತ್ರೆ ತಿಕ್ಕುತ್ತಿದ್ದ ನನಗೆ, ತನ್ನ ಗಂಡ ಸಂಗಮನಾಥ ಇದೇ ಅಡಿಗೆಮನೆಯಲ್ಲಿ ಹೇಗೆ ಸತ್ತ ಎಂದು ಹೇಳಹೊರಟಿದ್ದಳು. ಒಂದು ಮಾತೂ ಪೂರ್ತಿ ಆಗಿರಲಿಲ್ಲ.

“ನನ್ನ ಗಂಡನ ಸುದ್ದಿರಿ ಧಣಿ,” ಎಂದಳು.

“ಎಂತ ನಿನ್ನ ಗಂಡನ ಸುದ್ದಿ? ಪೀಠಕ್ಕೆ ಕೊಟ್ಟಾಯ್ತಲ್ಲ ಅದು! ಈಗ ನಿನ್ನೊಳಗೆ ಉಳಿದದ್ದು ಖಾಲಿ ಗೋಣಿಚೀಲ. ಅದನ್ನು ಕೊಡವಿದ್ರೆ ಬರುದು ಬರೀ ಸುಳ್ಳು. ಸಾಂಬಾರು ನೋಡು ಹೋಗು.”

ಅವನು ಆಚೆ ಹೋದ ಮೇಲೆ ನಾನು ಸೌಟು ಎತ್ತಿಕೊಟ್ಟು, “ಹಾಟ್ಯಾನ ಮಗ,” ಎಂದು ಬೈದೆ. ಮಲ್ಲಮ್ಮ ಬೈಯಲಿಲ್ಲ. ನನಗೆ ಸಿಟ್ಟು ಬರುವುದೇ ಅದಕ್ಕೆ. ಅವಳು ಅವನ ಮಾತನ್ನು ನಂಬಿಬಿಟ್ಟಿದ್ದಳು.

ಭುಜಂಗರಾಯ ನಾಸಿಕ್ ರೋಡಿನ ಈ ಹೋಟೆಲಿನ ಮಾಲೀಕ, ಕರಾವಳಿಯವನು. ಇಡ್ಲಿ ಮಾರಿ ಬೇಜಾರಾಯಿತೋ ಏನೋ, ಇದ್ದಕ್ಕಿದ್ದಂತೆ ತತ್ವಜ್ಞಾನಿಯಾದ. ಅವನ ಪ್ರಕಾರ ಕಥೆ ಒಂದು ವಸ್ತು, ಉಪ್ಪು, ತುಪ್ಪ ಇದ್ದ ಹಾಗೆ. ಮೈಯೊಳಗೆ ಜಾಗ ಹಿಡಿಯುತ್ತದೆ, ತೂಗುತ್ತದೆ, ಒಬ್ಬರಿಂದ ತೆಗೆದು ಇನ್ನೊಬ್ಬರಿಗೆ ಕೊಟ್ಟರೆ ಮೊದಲಿನವರಲ್ಲಿ ಉಳಿಯುವುದಿಲ್ಲ. ಉಳ್ಳವರ ಮೈಯಲ್ಲಿ ಅದು ಕಡಿಮೆಯಂತೆ, ಅದಕ್ಕೇ ಅವರಿಗೆ ನಿದ್ದೆ ಬರುವುದಿಲ್ಲ. ನಮ್ಮಂಥವರ ಮೈಯಲ್ಲಿ ಜಾಸ್ತಿಯಂತೆ, ಅದಕ್ಕೇ ನಮಗೆ ಸೊಂಟನೋವು. ದಿನಾ ಮೂಟೆಗಟ್ಟಲೆ ಈರುಳ್ಳಿ ಹೊರುವುದರಿಂದ ಅಲ್ಲವಂತೆ.

ಹೋಟೆಲಿನ ಹಿಂದಿನ ಹಾಲ್ ಕಥಾಪೀಠವಾಯಿತು. ಬೀದರ್, ಕಲಬುರಗಿ ಕಡೆಯಿಂದ ದುಡಿಯಲು ಬಂದ ನಾವೆಲ್ಲ ಹಸಿಮಣ್ಣಿನ ಮುದ್ದೆಯನ್ನು ಎದೆಗೊತ್ತಿ ಹಿಡಿದು ನಮ್ಮ ದುಃಖ ಹೇಳಬೇಕು. ಕೇಳುವವನು ಭುಜಂಗರಾಯ ಒಬ್ಬನೇ. ಆ ಮುದ್ದೆಯನ್ನು ಇಟ್ಟಿಗೆ ಮಾಡಿ, ಹೋಟೆಲಿನ ಭಟ್ಟಿಯಲ್ಲಿ ಅರೆಬರೆ ಸುಟ್ಟು, ಗೋಡೆಯ ಗೂಡಿನಲ್ಲಿಡುತ್ತಾರೆ, ನಿದ್ದೆ ಬಾರದ ಉಳ್ಳವರು ಬಂದು ಎದೆಗೊತ್ತಿಕೊಳ್ಳಲೆಂದು. ಕೊಡುವುದಿಲ್ಲ ಎಂದವರಿಗೆ ಕೆಲಸವಿಲ್ಲ. ಕೊಟ್ಟದ್ದನ್ನು ಮತ್ತೆ ಬಾಯಿಗೆ ತಂದರೆ ಕಳ್ಳತನ. ನನ್ನದೂ ಒಂದು ಅಲ್ಲಿತ್ತು, ಹೆತ್ತು ಕಳಕೊಂಡ ಕೂಸಿನದು.

ಇಡ್ಲಿ ಬೇಯಿಸುವ ಬಾಯ್ಲರ್ ಸಿಡಿದು ಸಂಗಮನಾಥ ಸತ್ತ. ಕುಡಿದು ಬಂದು ತಾನೇ ಸಿಡಿಸಿಕೊಂಡ ಎಂದು ಭುಜಂಗರಾಯ ಊರಿಗೆಲ್ಲ ಸಾರಿದ. ಸಂಗಮನಾಥ ಕೊರಳಲ್ಲಿ ಲಿಂಗ ಕಟ್ಟಿದವನು, ಹೆಂಡದಂಗಡಿಯ ಮುಂದೆ ಮೂಗು ಮುಚ್ಚಿ ನಡೆಯುವವನು. ಆಗ ಅವನ ಹತ್ತಿರ ಇದ್ದವಳು ಮಲ್ಲಮ್ಮ ಒಬ್ಬಳೇ. ಗಂಡನನ್ನು ಮಣ್ಣು ಮಾಡಿ ಬಂದವಳನ್ನು ಭುಜಂಗರಾಯ, “ಹಗುರ ಆಗ್ತೀ ಮಾರಾಯ್ತಿ,” ಎಂದು ಕೂರಿಸಿ, ಕಂಡದ್ದೆಲ್ಲ ಮಣ್ಣಿಗೆ ಹೇಳಿಸಿಕೊಂಡ.

ಆಮೇಲೆ ಅವಳು ಆ ಮಾತೆತ್ತಿದ್ದು ಸೌಟು ಬಿದ್ದ ಆ ದಿನವೇ ಮೊದಲು. ಎತ್ತಿದ ತಕ್ಷಣ ಕಳ್ಳಿಯಾದಳು.

ಅದೇ ವಾರ ಚಿಕಲಠಾಣಾದ ಕಾರ್ಖಾನೆ ಮಾಲೀಕನ ಹೆಂಡತಿ ನಿರುಪಮಾ ಕಾರಿನಲ್ಲಿ ಬಂದಳು. ಮಲ್ಲಮ್ಮನ ಇಟ್ಟಿಗೆಯನ್ನು ಎದೆಗವಚಿಕೊಂಡು ಬಿಕ್ಕಿಬಿಕ್ಕಿ ಅತ್ತಳು. “ಅಯ್ಯೋ, ಎಂಥಾ ನೋವು! ಕೈಯೆಲ್ಲಾ ಸುಡ್ತಾ ಇದೆ!” ಕಾಫಿ ಹಿಡಿದು ಎದುರಿಗೆ ನಿಂತಿದ್ದವಳು ಮಲ್ಲಮ್ಮನೇ. ನಿರುಪಮಾ ಕಣ್ಣೊರೆಸಿಕೊಂಡು ಒಂದು ಗುಟುಕು ಕುಡಿದಳು.

“ತಣ್ಣಗಾಗಿದೆ. ಬೇರೆ ತಗೊಂಡು ಬಾ.”

ಮಲ್ಲಮ್ಮನ ಮಗಳು ಮಂಜುಶ್ರೀ ಮರಾಠಿ ಶಾಲೆಗೆ ಹೋಗುತ್ತಾಳೆ. ಕನ್ನಡ ಅರ್ಥವಾಗುತ್ತದೆ, ನಾಲಗೆಗೆ ಬರುವುದು ಮರಾಠಿ. ಆ ಸಂಜೆ ಅಳುತ್ತ ಬಂದು, “ಆಯೀ, ಅಪ್ಪಾ ದಾರೂ ಪೀತ್ ಹೋತೇ ಕಾ?” ಎಂದಳು. ಅಪ್ಪ ಕುಡೀತಿದ್ದನಾ ಎಂದು ಕೇಳಿದ್ದು; ಶಾಲೆಯಲ್ಲಿ ಹಾಗೆಂದು ಆಡಿಕೊಂಡಿದ್ದರು. ಮಲ್ಲಮ್ಮ ಬಾಯಿ ತೆರೆದಳು. ಹಾಗೇ ನನ್ನ ಕಡೆ ತಿರುಗಿದಳು.

“ಬರವಲ್ದು ಸಕ್ರವ್ವಾ,” ಎಂದಳು ನನಗೆ. “ಖರೇನೇ ಹೋಗ್ಯಾದ. ಒಳಗ ಹುಡಕತೀನಿ, ಏನೂ ಸಿಗವಲ್ದು.”

“ಹುಚ್ಚಿ! ಕಥಿ ಅಂದ್ರ ಉಪ್ಪಿನಕಾಯೇನ, ತೆಗದು ಕೊಟ್ರ ಬರಣಿ ಖಾಲಿ ಆಗಾಕ?”

“ನೀನು ನಿನ್ನ ಕೂಸಿನ ಸುದ್ದಿ ಹೇಳು ನೋಡೋಣ.”

ನನ್ನ ಬಾಯಿಯೂ ಕಟ್ಟಿತು. ಮೈಯೆಲ್ಲ ಉರಿದುಹೋಯಿತು ನನಗೆ.

ಸಾವಿನ ತನಿಖೆಗೆಂದು ಸರ್ಕಾರದ ಸಾಹೇಬ ಬಂದದ್ದು ಶಾಲೆಗೆ ರಜೆಯಿದ್ದ ದಿನ, ಮಂಜುಶ್ರೀಯೂ ಅಮ್ಮನ ಜೊತೆಗಿದ್ದಳು. ಪೀಠದಲ್ಲೇ ಕೂತು ಮಸಾಲೆ ದೋಸೆ ತಿಂದ. ಅವನಿಗೆ ಕನ್ನಡ ಬಾರದು. ಮಲ್ಲಮ್ಮನಿಗೆ ಮರಾಠಿ ಅಷ್ಟಕ್ಕಷ್ಟೇ. ನಡುವೆ ದುಭಾಷಿ ಯಾರು? ಭುಜಂಗರಾಯ! ಇವಳಿಗೆ ಹೇಳುವುದು ಏನೂ ಇಲ್ಲ, ಗಂಡ ಕುಡಿದಿದ್ದ, ಎಂದು ಅವನೇ ಮರಾಠಿಯಲ್ಲಿ ಮುಗಿಸಿದ. “ಹೋ ಕಾ ಬಾಯಿ?” ಹೌದೇನಮ್ಮಾ, ಎಂದ ಸಾಹೇಬ. ಮಲ್ಲಮ್ಮನ ಕಣ್ಣು ಗೋಡೆಯ ಗೂಡಿನ ಮೇಲಿತ್ತು. ಅವನು ಪೆನ್ನಿನ ಮುಚ್ಚಳ ಹಾಕಿದ. ಇನ್ನು ಸಂಗಮನಾಥ ಸರ್ಕಾರದ ಲೆಕ್ಕದಲ್ಲೂ ಕುಡುಕನೇ.

ಆಗ ಮಲ್ಲಮ್ಮ ಗೂಡಿನ ಹತ್ತಿರ ಹೋಗಿ ತನ್ನ ಇಟ್ಟಿಗೆ ತೆಗೆದುಕೊಂಡಳು.

“ಏಯ್! ಇಡು ಅದನ್ನ! ಮುಟ್ಟಬೇಡ!”

ಅವಳು ಅಡಿಗೆಮನೆಗೆ ನಡೆದು, ಮಸಾಲೆ ಕುಟ್ಟುವ ಕಲ್ಲಿನ ಖಲಬತ್ತಾದೊಳಗೆ ಇಟ್ಟಿಗೆ ಹಾಕಿ ಕುಟ್ಟತೊಡಗಿದಳು. ತಡೆಯಲು ಬಂದ ಭುಜಂಗರಾಯನಿಗೆ ನಾನು ಮೈ ಅಡ್ಡ ಕೊಟ್ಟೆ. ಅರೆಬೆಂದ ಮಣ್ಣು ಬೇಗ ಪುಡಿಯಾಯಿತು. ಲೋಟದ ನೀರಿಗೆ ಹಾಕಿ ಕದಡಿ, ನಿಂತಲ್ಲೇ ಗಟಗಟ ಕುಡಿದಳು. ಬಸುರಿನಲ್ಲಿ ಒಲೆಯ ಮಣ್ಣು ಕೆರೆದು ತಿಂದವರೇ ನಾವೆಲ್ಲ. ಸಾಹೇಬ ಬಾಯಿ ಬಿಟ್ಟುಕೊಂಡು ಬಾಗಿಲಲ್ಲಿ ನಿಂತಿದ್ದ.

“ಪೀಠದ ಸ್ವತ್ತು ಅದು, ಬೋಳಿ!” ಭುಜಂಗರಾಯ ಕಿರುಚಿದ.

“ನೀನೇ ಹೇಳಿದಿ ಭಾಡ್ಯಾ, ಕಥಿ ಅಂದ್ರ ವಸ್ತು ಅಂತ,” ಎಂದಳು ಮಲ್ಲಮ್ಮ. ತುಟಿಯಿಂದ ಕೆಂಪು ನೀರು ಇಳಿಯುತ್ತಿತ್ತು. “ಈಗ ನನ್ನ ಹೊಟ್ಟ್ಯಾಗ ಅದ. ತಾಕತ್ತಿದ್ರ ತಗೀ.”

ಮಗಳನ್ನು ಎಳೆದು ಎದುರಿಗೆ ನಿಲ್ಲಿಸಿಕೊಂಡಳು. “ನಾ ಹೇಳಿದ್ದು ಹೇಳಿದಂಗ ಸಾಹೇಬಗ ಮರಾಠ್ಯಾಗ ಹೇಳು ಮಗಾ. ಬಾಯ್ಲರ್ ಕೆಟ್ಟದ, ಹಚ್ಚಬ್ಯಾಡ್ರಿ ಅಂದ ನಿಮ್ಮಪ್ಪ. ಈ ಸೂಳಿಮಗ ಅದರ ಉಗಿ ಬಿಡೋ ವಾಲ್ವಿಗೆ ತಂತಿ ಬಿಗದ. ಗಿರಾಕಿ ಕುಂತಾರ, ಹಚ್ಚಲೇ ಅಂದ. ನಿಮ್ಮಪ್ಪ ನನ್ನ ಹೊರಗ ದಬ್ಬಿ, ತಾ ಹಚ್ಚಿದ.”

ಮಂಜುಶ್ರೀ ತಂತಿಯವರೆಗೆ ಮರಾಠಿಯಲ್ಲಿ ಹೇಳಿದಳು. ಕೊನೆಯ ಮಾತಿಗೆ ಬಂದು ನಿಂತುಬಿಟ್ಟಳು. ಅಪ್ಪ ಹೇಗೆ ಸತ್ತ ಎಂದು ಅವಳೂ ಈಗಲೇ ಕೇಳುತ್ತಿದ್ದಳು.

“ಹೇಳು,” ಎಂದಳು ಮಲ್ಲಮ್ಮ.

ಹುಡುಗಿ ಹೇಳಿದಳು. ಸಾಹೇಬ ಪೆನ್ನನ್ನು ಕೈಯಲ್ಲೇ ಹಿಡಿದು ಭುಜಂಗರಾಯನ ಮುಖ ನೋಡುತ್ತಿದ್ದ. ಮುಚ್ಚಳ ಇನ್ನೂ ತೆಗೆದಿರಲಿಲ್ಲ.

ನಾನು ಗೂಡಿನ ಹತ್ತಿರ ಹೋಗಿ ನನ್ನ ಕೂಸಿನ ಇಟ್ಟಿಗೆ ಹುಡುಕತೊಡಗಿದೆ.