ಮೊದಲನೆಯ ನಿಟ್ಟುಸಿರು

ಖಾಲಿ ಕೋಣೆಯಲ್ಲೂ ಬಾಯಿ ಬಿಡಲು ನಾಚುವ ನಾನು ದೆವ್ವ ಹುಡುಕುವ ತಂಡಕ್ಕೆ ಯಾಕಾದರೂ ಸೇರಿದೆನೋ ಎಂದು ಗಗನಾ ಡೈರಿಯಲ್ಲಿ ಬರೆದುಕೊಂಡಿದ್ದಳು. ತಂಡದ ಕಟ್ಟಳೆ ಒಂದೇ: ರೆಕಾರ್ಡರ್ ಓಡುತ್ತಿರುವಾಗ ಬರೀ ಕೆಮ್ಮಿದರೂ ತಕ್ಷಣ "ನಂದು" ಅನ್ನಬೇಕು. ನಿನ್ನೆ ಬೀರೂರಿನಾಚೆಯ ಪಾಳು ಬಂಗಲೆಯ ಒಳಕೋಣೆಯಲ್ಲಿ ಒಬ್ಬಳೇ ಕೂತಿದ್ದಾಗ ಅವಳು ನಿಟ್ಟುಸಿರು ಬಿಟ್ಟಿದ್ದಳು, "ನಂದು" ಅಂದಿರಲಿಲ್ಲ.

ಇವತ್ತು ಮಧ್ಯಾಹ್ನ ತಂಡದ ಭೈರೇಶ್ ಅದೇ ಕೋಣೆಯಲ್ಲಿ, ಬಂಗಲೆಯ ಒಡತಿ ಮುಸರತ್ ಅವರಿಗೆ ರೆಕಾರ್ಡಿಂಗ್ ಕೇಳಿಸಲು ಕೂತ.

"ತೀರ್ಕೊಂಡ ನಿಮ್ಮಜ್ಜಿನೇ ಕಣ್ರೀ ಆಪಾ. ಇನ್ಯಾರು? ನಮ್ ಗಗನಾ ಅಂತೂ ಉಸಿರೇ ಬಿಡಲ್ಲ!" ಎಂದು ನಕ್ಕ.

ಮುಸರತ್ ಕಣ್ಣೊರೆಸಿಕೊಂಡರು. "ಅಜ್ಜಿ, ನನ್ ದಾದಿ, ಇಲ್ಲೇ ಇದಾರೆ ಅಂದ್ಮೇಲೆ ನಂಗೆ ಭಯ ಯಾಕೆ? ನಾಳೆನೇ ಬಂದು ಒಬ್ಳೇ ಇರ್ತೀನಿ."

ಪಕ್ಕದಲ್ಲೇ ಕೂತಿದ್ದ ಗಗನಾ ತಲೆ ತಗ್ಗಿಸಿದಳು. ಭೈರೇಶ್ ಗುಂಡಿ ಒತ್ತಿದ. ಅವಳ ನಿಟ್ಟುಸಿರು ಕೇಳಿಸಿತು. ಅದು ಮುಗಿಯುತ್ತಲೇ, ಅವಳನ್ನು ಅಣಕಿಸುವಂತೆ, ಇನ್ನೊಂದು ಕೇಳಿಸಿತು. ಅದು ರೆಕಾರ್ಡರಿಗೆ ಅವಳಿಗಿಂತಲೂ ಹತ್ತಿರದಲ್ಲಿತ್ತು.

ಭೈರೇಶ್ ಹೆಮ್ಮೆಯಿಂದ ತಲೆಯಾಡಿಸಿದ. ಮುಸರತ್ ಖಾಲಿ ಮೂಲೆಯ ಕಡೆ ನೋಡಿ ಮುಗುಳ್ನಕ್ಕರು.

ಗಗನಾ ಎದ್ದು ನಿಂತಳು.

"ಆಪಾ, ಮೊದಲ್ನೇದು ಮಾತ್ರ ನಂದು."